ಎರಡು ಮುಷ್ಟಿ

ಕ್ಯಾಮೆರಾದಲ್ಲಿ ಅವಳ ಮುಖ ಸರಿಯಾಗಿ ಕಾಣುತ್ತಿರಲಿಲ್ಲ. ಸ್ಪಷ್ಟವಾಗಿ ಕಾಣುತ್ತಿದ್ದದ್ದು ಎರಡು ಮುಷ್ಟಿ. ಆಳಂದದ ನಮ್ಮ ಆಸ್ಪತ್ರೆಯಲ್ಲಿ ಆಪರೇಷನ್ ಕೋಣೆಯ ಹೊರಗೆ ಒಂದು ಬೆಂಚು ಇದೆ. ಅದರ ಮೇಲೆ ನೀಲಿ ಸೀರೆಯ ಆಯಾ ಬೆನ್ನು ನೆಟ್ಟಗೆ ಮಾಡಿ ಕೂತಿದ್ದಾಳೆ. ಎರಡೂ ಕೈ ಮುಚ್ಚಿ ಎದೆಗೆ ಒತ್ತಿಕೊಂಡಿದ್ದಾಳೆ. ಯಾರೋ ಕರೆಯುತ್ತಾರೆ, ತಲೆ ಅಲ್ಲಾಡಿಸುತ್ತಾಳೆ, ಏಳುವುದಿಲ್ಲ. ಸೆರಗು ಜಾರಿದಾಗಲೂ ಬೆರಳು ಬಿಡಿಸದೆ ಮೊಣಕೈಯಿಂದಲೇ ಮೇಲಕ್ಕೆ ತಳ್ಳಿಕೊಳ್ಳುತ್ತಾಳೆ.

ಕಚೇರಿಯಲ್ಲಿ ಕೂತು ಇದನ್ನು ನೋಡುತ್ತಿದ್ದಾಗ ನನಗೆ ಖುಷಿಯಾಗಿತ್ತು. ಹಾಗೆ ಬರೆಯಲು ನಾಚಿಕೆಯಾಗುತ್ತದೆ, ಆದರೆ ಆ ದಿನದ ದಿನಚರಿಯಲ್ಲಿ "ಸಿಕ್ಕಿತು" ಎಂಬ ಒಂದೇ ಪದವಿದೆ.

ಆಳಂದ, ಅಫಜಲಪುರ, ಜೇವರ್ಗಿ ಈ ಮೂರು ಊರುಗಳಲ್ಲಿ ಸಣ್ಣ ಆಸ್ಪತ್ರೆಗಳನ್ನು ನಡೆಸುವ ಕಂಪನಿಗೆ ನಾನು ವಕೀಲೆ. ಕೋರ್ಟಿಗೆ ಹೋಗುವುದು ಅಪರೂಪ. ಕರಾರು ಓದುವುದು, ಒಪ್ಪಿಗೆ ಪತ್ರ ಬರೆಯುವುದು, ದೂರು ಬಂದರೆ ಅದು ಕೋರ್ಟಿಗೆ ಹೋಗದಂತೆ ನೋಡಿಕೊಳ್ಳುವುದು ನನ್ನ ಕೆಲಸ. ಒಂದು ರೀತಿಯಲ್ಲಿ ಅನುಮಾನ ಪಡುವುದಕ್ಕೇ ನನಗೆ ಸಂಬಳ. ವಿಶ್ವವಿದ್ಯಾಲಯದಲ್ಲಿದ್ದಾಗಿನಿಂದ ದಿನಚರಿ ಬರೆಯುವ ಅಭ್ಯಾಸವಿದೆ. ನನ್ನ ನೆನಪನ್ನು ನಾನು ನಂಬದಿರುವುದೇ ಅದಕ್ಕೆ ಕಾರಣ. ಈ ಪ್ರಕರಣದಲ್ಲಿ ಆ ಅಭ್ಯಾಸವೂ ಪೂರ್ತಿ ಉಪಯೋಗಕ್ಕೆ ಬರಲಿಲ್ಲ. ಬರೆದಿಟ್ಟರೆ ಸಾಲದು, ಬರೆದದ್ದನ್ನು ತೆರೆದು ಓದಲೂ ಬೇಕು.

ದೂರು ತಂದವನು ಸರಸಂಬಾದಲ್ಲಿ ಬೀಜ-ಗೊಬ್ಬರದ ಅಂಗಡಿ ಇಟ್ಟವನು. ಅವನ ತಾಯಿಗೆ ನಮ್ಮ ಆಳಂದದ ಆಸ್ಪತ್ರೆಯಲ್ಲಿ ಪಿತ್ತಕೋಶದ ಆಪರೇಷನ್ ಆಗಿತ್ತು. ಆಪರೇಷನ್ ಚೆನ್ನಾಗಿಯೇ ಆಗಿತ್ತು, ಹೊಲಿಗೆಯೂ ಮಾಗುತ್ತಿತ್ತು. ಅವನ ಮಾತು ಬೇರೆಯೇ ಇತ್ತು.

"ಕರಡಗಿ ನಮ್ದೇ ಅದರಿ ಮೇಡಂ. ಒಳಗಿನ ಲಿಂಗ ನಮ್ಮವ್ವಂದಲ್ಲ."

ಕರಡಗಿ ಎಂದರೆ ಕೊರಳಲ್ಲಿ ದಾರಕ್ಕೆ ಕಟ್ಟಿಕೊಳ್ಳುವ ಬೆಳ್ಳಿಯ ಸಂಪುಟ. ಅದರೊಳಗೆ ಇಷ್ಟಲಿಂಗ ಇರುತ್ತದೆ.

"ನಿಮಗೆ ಹೇಗೆ ಗೊತ್ತು?" ಎಂದೆ. ವಿಚಾರಣೆಗೆ ಕೂತಾಗ ನನ್ನ ಬಾಯಿಗೆ ಪುಸ್ತಕದ ಕನ್ನಡ ಬರುತ್ತದೆ.

"ನನಗೆಲ್ಲಿ ಗೊತ್ತಾಗ್ತದರಿ, ನೋಡಾಕ ಎಲ್ಲಾ ಕರ್ರಗ ಒಂದ ನಮೂನಿ ಇರ್ತಾವ. ಆಕಿಗೆ ಗೊತ್ತದ. ಐವತ್ತು ವರ್ಷ ದಿನಾ ಅಂಗೈ ಮ್ಯಾಲ ಇಟ್ಕೊಂಡು ಪೂಜಾ ಮಾಡ್ಯಾಳ. ದವಾಖಾನಿಯಿಂದ ಬಂದ ಮರುದಿನ ಕೈಯಾಗ ಇಟ್ಕೊಂಡ್ಳು, 'ಇದು ನಂದಲ್ಲ' ಅಂದ್ಳು. ಅವತ್ತಿಂದ ಊಟ ಬಿಟ್ಟಾಳ. ಗುಳಿಗಿ ನುಂಗಾಕ ಒಂದಿಷ್ಟು ಹಾಲು, ಅಷ್ಟ."

ತನ್ನ ಲಿಂಗಕ್ಕೆ ಪೂಜೆಯಾಗದೆ ಅವಳು ಬಾಯಿಗೆ ಅನ್ನ ಇಡುವವಳಲ್ಲ. ಆಪರೇಷನ್ ಆದ ಮುದುಕಿ, ಐದು ದಿನದಿಂದ ಬರೀ ಹಾಲು. ಡಾಕ್ಟರು ಫೋನಿನಲ್ಲಿ ಅವನಿಗೆ ಬೈದಿದ್ದರಂತೆ.

"ನಮ್ಮ ಬೀಗರು ಏನಂತಾರಂದ್ರ," ಎಂದು ಅವನು ದನಿ ತಗ್ಗಿಸಿದ, "ಹಳೇ ಕಾಲದ ಲಿಂಗದಾಗ ಒಳಗ ಒಳ್ಳೆ ಕಲ್ಲು ಇರ್ತದಂತ. ಅದಕ್ಕ ಯಾರೋ ಬದಲಿ ಮಾಡ್ಯಾರಂತ. ನಾ ಅನ್ನಾಕತ್ತಿಲ್ರಿ, ಅವರು ಅಂತಾರ."

ನಾನು ಮೊದಲು ಅನುಮಾನಿಸಿದ್ದು ಅವನನ್ನೇ. ಇಂಥ ಮಾತಿನ ಕೊನೆಗೆ ಪರಿಹಾರ ಎಂಬ ಪದ ಬರುತ್ತದೆ, ಕಾದರೆ ಸಾಕು. ಕಾದೆ. ಅವನು ಚಹಾ ಕುಡಿದು, ಕೈಮುಗಿದು, "ಹುಡುಕಿ ಕೊಡ್ರಿ" ಎಂದು ಎದ್ದುಹೋದ. ಅವನು ಏನೂ ಕೇಳದಿದ್ದದ್ದು ನನ್ನ ಅನುಮಾನವನ್ನು ಇನ್ನಷ್ಟು ಬೆಳೆಸಿತು.

ಆಮೇಲೆ ರಿಜಿಸ್ಟರ್ ತರಿಸಿದೆ. ಆಪರೇಷನ್‌ಗೆ ಮುಂಚೆ ರೋಗಿಯ ಮೈಮೇಲಿನದ್ದನ್ನೆಲ್ಲ ತೆಗೆದು, ಪಟ್ಟಿ ಬರೆದು, ಒಂದೇ ಚೀಲದಲ್ಲಿ ಹಾಕಿ ಮೊಹರು ಮಾಡಬೇಕು ಎಂಬುದು ನಿಯಮ. ಮುದುಕಿಯ ಸಾಲಿನಲ್ಲಿ ಬೆಳ್ಳಿ ಕರಡಿಗೆ ಒಂದು, ಕಾಲುಂಗುರ ಎರಡು, ಗಾಜಿನ ಬಳೆ ಎಂದಿತ್ತು. ಕರಡಿಗೆ ಬರೆದವರು ಒಳಗಿನದ್ದನ್ನು ಬರೆದಿರಲಿಲ್ಲ. ಬರೆದವಳು ಆ ಆಯಾ. ಕ್ಯಾಮೆರಾದ ಮುಷ್ಟಿಗಳೂ ಅವಳವೇ.

ಅವಳು ಅಫಜಲಪುರದ ಶಾಖೆಯಿಂದ ಆಳಂದಕ್ಕೆ ವರ್ಗವಾಗಿ ಬಂದವಳು. ಅಲ್ಲಿನ ಮ್ಯಾನೇಜರಿಗೆ ಫೋನ್ ಮಾಡಿದೆ, ದಿನಚರಿಯಲ್ಲಿ ಎರಡು ಸಾಲು ಗುರುತು ಮಾಡಿಕೊಂಡೆ. ಮೂರು ದಿನ ಬಿಟ್ಟು ವರದಿ ಬರೆಯುವಾಗ ದಿನಚರಿ ತೆರೆಯಲಿಲ್ಲ, ನೆನಪಿತ್ತಲ್ಲ. "ಹಿಂದಿನ ಶಾಖೆಯಲ್ಲೂ ವಸ್ತು ಕಾಣೆಯಾದ ಪ್ರಸಂಗವಿದೆ" ಎಂದು ಬರೆದೆ.

ವರದಿಗೆ ಮುಂಚೆ ಅವಳನ್ನು ಕರೆಸಿ ಕೇಳಿದ್ದೆ. ಕುರ್ಚಿ ತೋರಿಸಿದರೂ ಕೂರಲಿಲ್ಲ. ನಲವತ್ತರ ಆಚೀಚಿನ ಹೆಂಗಸು, ಕೊರಳಿನ ದಾರ ಕುಪ್ಪಸದೊಳಗೆ ಇಳಿದಿತ್ತು.

"ಲಿಂಗ ಯಾಕೆ ರಿಜಿಸ್ಟರಿನಲ್ಲಿ ಬರೆಯಲಿಲ್ಲ?"

"ಅದು ಸಾಮಾನಲ್ರಿ."

"ಹಾಗಾದರೆ ಏನು?"

ನನ್ನನ್ನು ನೋಡಿದಳು. ಇದನ್ನೂ ಹೇಳಿಕೊಡಬೇಕೇ ಎಂಬಂತಿತ್ತು ಆ ನೋಟ. ಉದ್ಧಟತನ ಎಂದು ಬರೆದುಕೊಂಡೆ.

"ಕೈಯಲ್ಲಿ ಏನಿತ್ತು?"

"ಲಿಂಗ ಇದ್ದುವ್ರಿ. ಕರಡಗಿ ಅಷ್ಟ ಚೀಲದಾಗ ಹಾಕಿದ್ದೆ. ನೆಲದ ಮ್ಯಾಲ ಇಡಬಾರದು, ಕಪಾಟದಾಗ ಇಡಬಾರದು. ಅವರು ಒಳಗ ಇರೂತನಕ ನಾ ಹಿಡ್ಕೊಂಡು ಕುಂತಿದ್ದೆ."

"ಎರಡು ಕೈಯಲ್ಲೂ?"

"ಇಬ್ಬರಿದ್ರಲ್ರಿ. ಅಂದೋಲಾದಾಕಿ ಒಬ್ಬಾಕಿ. ಜೇವರ್ಗಿಯಿಂದ ಕಳಿಸಿದ್ರಲ್ರಿ, ಹರ್ನಿಯಾದಾಕಿ. ಡಾಕ್ಟರ್ ಇಬ್ಬರನ್ನೂ ಒಂದರ ಹಿಂದ ಒಂದು ತಗೊಂಡ್ರು."

ರಿಜಿಸ್ಟರಿನಲ್ಲಿ ಅಂದೋಲಾದ ಹೆಂಗಸಿನ ಸಾಲಿನಲ್ಲಿ ಕರಡಿಗೆ ಇರಲಿಲ್ಲ. ಆಕೆ ಬಟ್ಟೆಯಲ್ಲಿ ಸುತ್ತಿ ಕಟ್ಟಿಕೊಂಡವಳು ಎಂದಳು ಆಯಾ. ಅಂದರೆ ಎರಡನೆಯ ಲಿಂಗಕ್ಕೆ ಕಾಗದದ ಮೇಲೆ ಗುರುತೇ ಇಲ್ಲ. ಅದಲ್ಲದೆ, ಎರಡು ಲಿಂಗ ಅದಲುಬದಲಾಗಿದ್ದರೆ ದೂರು ಎರಡು ಕಡೆಯಿಂದ ಬರಬೇಕಲ್ಲ? ಬಂದದ್ದು ಒಂದೇ. ಅಂದೋಲಾದವಳು ಸುಮ್ಮನಿದ್ದಾಳೆ ಎಂದರೆ ಅವಳದ್ದು ಅವಳ ಬಳಿಯೇ ಇದೆ. ಹಾಗಾಗಿ ಎರಡನೆಯ ಮುಷ್ಟಿ ಆಯಾಳ ಕಟ್ಟುಕತೆ. ಈ ತರ್ಕದಲ್ಲಿ ನನಗೆ ಒಂದು ಬಿರುಕೂ ಕಾಣಲಿಲ್ಲ.

ಅವಳನ್ನು ಕೆಲಸಕ್ಕೆ ಬರಬೇಡ ಎಂದು ಹೇಳಿ ಕಳಿಸಿದೆವು. ಸಿಬ್ಬಂದಿ ವಿಭಾಗದ ಅಧಿಕಾರಿ ಅವಸರದಲ್ಲಿದ್ದರು. "ತೆಗೆದು ಹಾಕಿಬಿಡೋಣ ಮೇಡಂ. ಆ ಮನಿಯವರಿಗೂ ಸಮಾಧಾನ ಆಗ್ತದ, ನಮ್ಮ ಫೈಲೂ ಮುಗೀತದ." ಸೋಮವಾರ ಆದೇಶ ಹೊರಡಬೇಕಿತ್ತು.

ಫೈಲಿನಲ್ಲಿ ಒಂದು ತೂತು ಉಳಿದಿತ್ತು: ಅಂದೋಲಾದ ಹೆಂಗಸಿನ ಹೇಳಿಕೆ. "ನನ್ನ ಲಿಂಗ ನನ್ನ ಬಳಿ ಇದೆ" ಎಂದು ಆಕೆಯಿಂದ ಬರೆಸಿಕೊಂಡರೆ ಆಯಾಗೆ ಆದೇಶವನ್ನು ಎಲ್ಲಿಯೂ ಪ್ರಶ್ನಿಸಲಾಗದು. ಬೇರೆ ಕೆಲಸಕ್ಕೆ ಜೇವರ್ಗಿಗೆ ಹೋಗುವುದಿತ್ತು. ಶುಕ್ರವಾರ ಮಧ್ಯಾಹ್ನ ಕಾರನ್ನು ಅಂದೋಲಾಕ್ಕೆ ತಿರುಗಿಸಿದೆ. ಆಯಾಳನ್ನು ಉಳಿಸುವ ಏನಾದರೂ ಸಿಕ್ಕೀತು ಎಂದು ಹೋದೆ ಅಂತ ಈಗ ಕೆಲವೊಮ್ಮೆ ಅನ್ನಿಸುತ್ತದೆ. ಅದು ಸುಳ್ಳು. ಹೇಳಿಕೆಯನ್ನು ಮೊದಲೇ ಟೈಪ್ ಮಾಡಿಸಿ ತಂದಿದ್ದೆ, ಸಹಿಗೆ ಜಾಗ ಬಿಟ್ಟು.

ಆಕೆ ಪಡಸಾಲೆಯಲ್ಲಿ ಕೂತು ಮೊರದಲ್ಲಿ ತೊಗರಿಬೇಳೆ ಆರಿಸುತ್ತಿದ್ದಳು. ನಾನು ದವಾಖಾನೆಯ ವಕೀಲೆ ಎಂದು ತಿಳಿಯುತ್ತಲೇ ಮೊರ ಬದಿಗಿಟ್ಟಳು.

"ಬಂದ್ರ್ಯಾ? ಯಾರರ ಕೇಳ್ಕೋತ ಬರ್ತಾರಂತ ಹಾದಿ ನೋಡಾಕತ್ತೇನಿ. ಇಷ್ಟು ದಿನಾ ಬೇಕಾತೇನ್ರಿ?"

"ಏನು ಕೇಳಿಕೊಂಡು?"

"ಲಿಂಗ. ಇನ್ನೇನ ಕೇಳ್ತೀರಿ ನನ್ನ ಕಡೆ?"

ನನ್ನ ಕೈಯಲ್ಲಿದ್ದ ಟೈಪ್ ಮಾಡಿದ ಕಾಗದವನ್ನು ಮಡಿಚಿದೆ. ಆಕೆಗೆ ಮನೆಗೆ ಬಂದ ದಿನವೇ ಗೊತ್ತಾಗಿತ್ತು. ತನ್ನದು ಒಂದು ಬದಿಗೆ ಸವೆದಿತ್ತು, ಇದು ಗುಂಡಗಿತ್ತು.

"ಗೊತ್ತಿದ್ದೂ ಯಾಕೆ ತಿಳಿಸಲಿಲ್ಲ?"

"ತಿಳಿಸಿದ್ರ ಆ ಆಯಾನ್ನ ತೆಗೀತಿದ್ರಿ," ಎಂದಳು. "ಹೌದಲ್ರಿ?"

ಮಡಿಚಿದ ಕಾಗದವನ್ನು ಚೀಲಕ್ಕೆ ತುರುಕಿದೆ.

"ನನ್ನ ಕೂಡ ಬಂದ ನಮ್ಮ ಮೈದುನ ಚಹಾ ಕುಡಿಯಾಕ ಹೋದಾಂವ ಬರ್ಲೇ ಇಲ್ಲ. ನಾ ಅಳಾಕತ್ತಿದ್ದೆ. ಆಕೀನ ನನ್ನ ಕೈ ಹಿಡ್ಕೊಂಡು, 'ನಿನ್ನ ಲಿಂಗ ನನ್ನ ಕೈಯಾಗದ, ನೀ ಹೋಗಿ ಬಾ ತಂಗಿ' ಅಂದ್ಳು. ಅಂಥಾಕಿ ಹೊಟ್ಟಿ ಮ್ಯಾಲ ಹೊಡೀಲೇನು? ನಂದು ತಗೊಂಡಾಕಿಗೂ ಗೊತ್ತಾಗೇ ಆಗ್ತದ, ಆಕಿ ಬಂದ ಕೇಳ್ತಾಳ ಅಂತ ಸುಮ್ಮನ ಕುಂತೆ. ನಮ್ಮ ಮಠದ ಅಯ್ಯಾರನ್ನ ಕೇಳ್ದೆ. 'ಮನಿಗಿ ಬಂದದ್ದಕ್ಕ ನೀರು ಹಾಕು, ವಿಭೂತಿ ಹಚ್ಚು, ನೀ ಉಪಾಸ ಇರಬ್ಯಾಡ' ಅಂದ್ರು."

ಸರಸಂಬಾದ ಮುದುಕಿ ಉಪವಾಸ ಇದ್ದಾಳೆ ಎಂದು ಹೇಳಿದೆ. ಆಕೆಯ ಮುಖ ಸಣ್ಣಗಾಯಿತು. ತಕ್ಷಣ ಎದ್ದು ಒಳಗೆ ಹೋಗಿ, ದೇವರ ಜಗಲಿಯಿಂದ ಒಂದು ಬಿಳಿ ಬಟ್ಟೆಯ ಗಂಟನ್ನು ಎರಡೂ ಕೈಯಲ್ಲಿ ಹಿಡಿದು ತಂದಳು. ನಾನು ಚೀಲದಿಂದ ಮೊಹರು ಮಾಡುವ ಪ್ಲಾಸ್ಟಿಕ್ ಲಕೋಟೆ ತೆಗೆದೆ. ಆಕೆ ಅದನ್ನು ನೋಡಿದಳು, ಆಮೇಲೆ ನನ್ನ ಕೊರಳು ನೋಡಿದಳು.

"ನಿಮ್ಮ ಕೊಳ್ಳಾಗ ಅದನ್ರಿ?"

ಇಲ್ಲ ಎಂದೆ. ಹುಟ್ಟಿದ ಮನೆಯಲ್ಲಿ ಎಲ್ಲರಂತೆ ನನಗೂ ಕಟ್ಟಿದ್ದರು. ಹಾಸ್ಟೆಲಿನಲ್ಲಿ ಯಾವಾಗಲೋ ತೆಗೆದಿಟ್ಟೆ. ಓದಿ, ಯೋಚಿಸಿ ತೆಗೆದೆ ಎಂದು ಗೆಳತಿಯರಿಗೆ ಹೇಳುತ್ತಿದ್ದೆ. ಆ ವರ್ಷದ ದಿನಚರಿಯಲ್ಲಿ ಹುಡುಕಿದರೆ ಅದರ ಬಗ್ಗೆ ಒಂದು ಅಕ್ಷರವೂ ಇಲ್ಲ. ದಾರ ಹರಿದಾಗ ಹೊಸದು ಕಟ್ಟಲು ಬೇಸರವಾಗಿದ್ದಷ್ಟೇ ಇರಬಹುದು.

"ಹಂಗಾರ ನಿಮ್ಮ ಕೈಯಾಗ ಬ್ಯಾಡ್ರಿ," ಎಂದಳು, ಸಿಟ್ಟಿಲ್ಲದೆ, ಮಳೆ ಬರುವಂತಿದೆ ಛತ್ರಿ ಒಯ್ಯಿರಿ ಎನ್ನುವ ದನಿಯಲ್ಲಿ. "ಆಯಾನ್ನ ಕರಕೊಂಡು ಬರ್ರಿ. ಆಕಿ ಕೊಟ್ಟಾಳ, ಆಕೀನ ಒಯ್ಲಿ."

ಈ ಮಾತು ನನ್ನನ್ನು ಚುಚ್ಚಿತು. ಕೊರಳು ನೋಡಿ ಮನುಷ್ಯರನ್ನು ನಂಬುವ ಈ ಪದ್ಧತಿಯ ಬಗ್ಗೆ ನನಗೆ ಹೇಳಲು ಬಹಳವಿತ್ತು. ಆದರೆ ಕ್ಯಾಮೆರಾದಲ್ಲಿ ಕೈ ನೋಡಿ ನಾನು ಮಾಡಿದ ತೀರ್ಮಾನ ಚೀಲದಲ್ಲೇ ಇತ್ತು, ಹೇಳಲಿಲ್ಲ.

ಆಯಾಗೆ ಫೋನ್ ಮಾಡಿದೆ. "ಬರಬ್ಯಾಡ ಅಂದೀರಲ್ರಿ," ಎಂದಳು. ವಿಷಯ ತಿಳಿದ ಮೇಲೆ, "ಅವ್ವ ಉಪಾಸ ಅದಾಳಂತ ನನಗ ಯಾರೂ ಹೇಳಲಿಲ್ರಿ," ಎಂದಳು. ನಿಜ. ವಿಚಾರಣೆಯಲ್ಲಿ ನಾನು ಕೇಳುವವಳಾಗಿದ್ದೆ, ಹೇಳುವವಳಲ್ಲ.

ಮರುದಿನ ಬೆಳಿಗ್ಗೆ ಅವಳನ್ನು ಆಳಂದದಿಂದ ಕರೆದುಕೊಂಡು ಅಂದೋಲಾಕ್ಕೆ ಹೋದೆ. ಅಲ್ಲಿ ಇಬ್ಬರು ಹೆಂಗಸರೂ ಹೆಚ್ಚು ಮಾತಾಡಲಿಲ್ಲ. ಗಂಟು ಒಂದು ಕೈಯಿಂದ ಇನ್ನೊಂದು ಕೈಗೆ ಹೋಯಿತು. "ನಂದೂ ಜ್ವಾಕಿಲೆ ತಗೊಂಡು ಬಾ," ಎಂದಳು ಮನೆಯವಳು. "ಈ ಸಲ ಒಂದ ಕೈಗೆ ಒಂದ ಕೆಲಸ," ಎಂದಳು ಆಯಾ.

ವಾಪಸು ದಾರಿ ಉದ್ದ. ಕಾರಿನಲ್ಲಿ ಅವಳು ಬಲಮುಷ್ಟಿಯನ್ನು ಎದೆಗೆ ಹಿಡಿದು ಕೂತಿದ್ದಳು, ಕ್ಯಾಮೆರಾದಲ್ಲಿ ಕೂತಂತೆಯೇ. ನಾನು ಓರೆಗಣ್ಣಿನಿಂದ ಆ ಮುಷ್ಟಿಯನ್ನು ನೋಡುತ್ತಲೇ ಇದ್ದೆ. ಎಲ್ಲ ತಿಳಿದ ಮೇಲೂ ಕಣ್ಣು ಸುಮ್ಮನಿರಲಿಲ್ಲ. ನನ್ನ ಈ ಚಾಳಿ ಅವಳಿಗೆ ಗೊತ್ತಾಗದಿರಲಿ ಎಂದು ದಿನಚರಿ ತೆರೆದು ಹಿಂದಿನ ಪುಟಗಳನ್ನು ತಿರುವಿದೆ. ಅಫಜಲಪುರದ ಫೋನಿನ ಎರಡು ಸಾಲು ಕಣ್ಣಿಗೆ ಬಿತ್ತು. "ಅಲ್ಲಿಯೂ ಚೀಲದ ವಿಷಯಕ್ಕೆ ಜಗಳ. ಏನೂ ಕಳೆದಿಲ್ಲ."

ನನ್ನದೇ ಕೈಬರಹ. ಮ್ಯಾನೇಜರರ ದನಿ ನನಗೆ ಈಗಲೂ ಕೇಳಿಸುತ್ತದೆ, ಆ ದನಿ "ಕಳೆದಿತ್ತು" ಎನ್ನುತ್ತದೆ. ಬರೆದಿಟ್ಟದ್ದು ಅದಲ್ಲ. ನನಗೆ ಬೇಕಾದ ಸಾಕ್ಷಿಯನ್ನು ನನ್ನ ತಲೆ ಮೂರೇ ದಿನದಲ್ಲಿ ತಯಾರು ಮಾಡಿತ್ತು.

"ಅಫಜಲಪುರದಾಗ ಏನಾಗಿತ್ತು?" ಎಂದು ಕೇಳಿದೆ. ಈ ಸಲ ಬಾಯಿಗೆ ನಮ್ಮ ಮನೆಯ ಮಾತು ಬಂತು.

"ಅಲ್ಲಿನ ಸಿಸ್ಟರ್ ಒಬ್ಬ ಮುತ್ಯಾನ ಲಿಂಗಾನೂ ಚೀಲದಾಗ ಹಾಕಂದ್ರು. ಅದರಾಗ ಆಗಲೇ ಮುತ್ಯಾನ ಸೊಂಟದ ಪಟ್ಟಿ, ಹಲ್ಲಿನ ಸೆಟ್ಟು, ಎಲ್ಲಾ ತುಂಬಿದ್ದುವು. ಹಲ್ಲಿನ ಸೆಟ್ಟಿನ ಮಗ್ಗಲ ಲಿಂಗ ಇಡಲೇನ್ರಿ? ನಾ ಇಡಂಗಿಲ್ಲಂದೆ. ಬಾಯಿಗೆ ಬಾಯಾತು."

ಡ್ರೈವರ್ ನಕ್ಕುಬಿಟ್ಟ. ಅವಳೂ ನಕ್ಕಳು.

"ಒಂದ ಚೀಲದಾಗ ಎಲ್ಲಾ ಹಾಕ್ರಿ ಅಂತ ಯಾರೋ ಮ್ಯಾಲಿನಾಂವ ನಿಯಮ ಮಾಡ್ಯಾನಂತ್ರಿ. ಆಂವ ಎಂದೂ ದವಾಖಾನ್ಯಾಗ ಮಲಗಿದಾಂವ ಅಲ್ಲ ಬಿಡ್ರಿ."

ಆ ನಿಯಮ ಬರೆದವಳು ನಾನು. ಹೇಳಬೇಕಿತ್ತು. ಕಿಟಕಿಯಾಚೆ ನೋಡಿದೆ. ಅದನ್ನು ಬರೆಯುವಾಗ ನನ್ನ ಅಜ್ಜಿ ಎಕ್ಸ್‌ರೇ ಕೋಣೆಯ ಬಾಗಿಲಲ್ಲಿ ತನ್ನ ಲಿಂಗವನ್ನು ನನ್ನ ಅಮ್ಮನ ಅಂಗೈಗೆ ಇಟ್ಟದ್ದು ಯಾಕೆ ನೆನಪಾಗಲಿಲ್ಲ? ಆ ಚಿತ್ರ ಈಗ ಕಣ್ಣ ಮುಂದೆ ನಿಚ್ಚಳವಾಗಿದೆ. ಅಷ್ಟು ನಿಚ್ಚಳವಾಗಿರುವುದೇ ನನಗೆ ಗುಮಾನಿ. ಆ ದಿನ ಕಾರಿನಲ್ಲಿ ಹುಟ್ಟಿದ ನೆನಪೂ ಇರಬಹುದು.

ಸರಸಂಬಾದಲ್ಲಿ ಮುದುಕಿ ಮಂಚದ ಮೇಲೆ ಒರಗಿದ್ದಳು. ಸ್ನಾನ ಮಾಡಿಸಿ, ಹಣೆಗೆ ವಿಭೂತಿ ಹಚ್ಚಿ ಕೂರಿಸಿದ್ದರು. ಬಳೆಗಳು ಮೊಣಕೈವರೆಗೆ ಜಾರುತ್ತಿದ್ದವು. ಮಗ ಬಾಗಿಲಲ್ಲಿ ನಿಂತು, ನಮಗೆಲ್ಲ ಕೇಳುವಂತೆ, "ಯವ್ವ, ಇದೂ ನಿಂದಲ್ಲಂದ್ರ ಈ ಆಯಾನ ನೌಕರಿ ಹೋಗ್ತದ ನೋಡು, ಸರಿಯಾಗಿ ನೋಡಿ ಹೇಳು," ಎಂದ. ಅವನು ಹಾಗೆ ಹೇಳಬಾರದಿತ್ತು. ಸಾಕ್ಷಿಗೆ ಉತ್ತರ ಹೇಳಿಕೊಟ್ಟಂತಾಯಿತು ಎಂದು ನನ್ನೊಳಗಿನ ವಕೀಲೆ ಕನಲಿದಳು.

ಆಯಾ ಬಟ್ಟೆ ಬಿಚ್ಚಿ, ಮುದುಕಿಯ ಎಡ ಅಂಗೈಯಲ್ಲಿ ಲಿಂಗ ಇಟ್ಟಳು. ಮುದುಕಿ ಕಣ್ಣು ಮುಚ್ಚಿದಳು. ಬಲಗೈಯ ಬೆರಳು ಅದರ ಸುತ್ತ ನಿಧಾನ ಒಂದು ಸುತ್ತು ಹೋಗಿ ನಿಂತಿತು, ಮತ್ತೊಂದು ಸುತ್ತು ಹೋಯಿತು. ಆಯಾಳ ಎರಡೂ ಕೈ ಖಾಲಿಯಾಗಿದ್ದವು, ಆದರೂ ಮುಷ್ಟಿ ಕಟ್ಟಿಕೊಂಡಿದ್ದಳು.

"ಹೌದು," ಎಂದಳು ಮುದುಕಿ.

ಕಣ್ಣು ತೆರೆದು ಆಯಾಳನ್ನು ನೋಡಿದಳು. "ಹೆಂಗ ಬದಲಿ ಮಾಡಿದಿ ಬೇ?"

"ನೀ ಹೊರಗ ಬರೂವಾಗ ಸ್ಟ್ರೆಚರಿಗೆ ಬಾಗಲಾ ಹಿಡಿಯಾಕ ಯಾರೂ ಇರ್ಲಿಲ್ಲ ಯವ್ವ. ಎರಡೂ ಒಂದ ಕೈಯಾಗ ತಗೊಂಡೆ. ಎರಡಕ್ಕೂ ನಾನ ಹೊಸ ಅರಿವಿ ಸುತ್ತಿದ್ದೆ. ಅಲ್ಲೇ ತಪ್ಪಾಗ್ಯದ."

"ಲಿಂಗ ಹಿಡ್ಕೊಂಡಾಕಿ ಕೈಲೆ ಬಾಗಲಾ ಯಾಕ ತೆಗೀತಿ? ಕಾಲಿಲೆ ಒದ್ದಿದ್ರ ಆಗ್ತಿತ್ತು."

"ನಿನ್ನ ಸ್ಟ್ರೆಚರಿಗೇ ಬಡೀತಿತ್ತು."

ಮುದುಕಿ ನಕ್ಕಳು, ಹೊಲಿಗೆ ನೊಂದು ಹೊಟ್ಟೆ ಹಿಡಿದುಕೊಂಡಳು. ಪೂಜೆ ಮುಗಿದ ಮೇಲೆ ಸೊಸೆ ಮೆತ್ತಗೆ ಕಲಸಿದ ರೊಟ್ಟಿ-ಹಾಲು ತಂದಳು. ಮುದುಕಿ ಮೊದಲ ತುತ್ತು ನುಂಗುವವರೆಗೂ ನಾನು ಬಾಗಿಲ ಬಳಿಯಿಂದ ಕದಲಲಿಲ್ಲ.

ಕರಡಿಗೆಯೊಳಗಿದ್ದ ಇನ್ನೊಂದು ಲಿಂಗವನ್ನು ಆಯಾ ಭಾನುವಾರ ಬಸ್ಸಿನಲ್ಲಿ ಒಬ್ಬಳೇ ಅಂದೋಲಾಕ್ಕೆ ಒಯ್ದಳು. ಕಾರು ಕೊಡುತ್ತೇನೆ ಎಂದೆ, ಬೇಡವೆಂದಳು. ಸಂಜೆ ನಾನು ಅಂದೋಲಾಕ್ಕೆ ಫೋನ್ ಮಾಡಿ, ತಲುಪಿತೇ ಎಂದು ಕೇಳಿದೆ. "ಮುಟ್ಟೇದ್ರಿ, ಬದಿ ಸವೆದದ್ದ, ನಂದ. ನಿಮಗ ಇನ್ನೂ ಸಂಶೇನ?" ಎಂದಳು ಆಕೆ.

ಸೋಮವಾರ ಬೆಳಿಗ್ಗೆ ಕ್ಯಾಮೆರಾದ ಚಿತ್ರವನ್ನು ಮತ್ತೆ ಹಾಕಿದೆ. ಹಿಂದೆ ನಾನು ಅದನ್ನು ಬೇಕಾದಷ್ಟು ನೋಡಿ ನಿಲ್ಲಿಸಿದ್ದೆ. ಮುಂದೆ ಬಿಟ್ಟರೆ ಎಲ್ಲವೂ ಅದರಲ್ಲೇ ಇತ್ತು: ಒಳಗಿನಿಂದ ಸ್ಟ್ರೆಚರಿನ ಅಂಚು, ಅವಳು ಎದ್ದು ಎಡಗೈಯದ್ದನ್ನು ಬಲಗೈಗೆ ಸೇರಿಸಿಕೊಳ್ಳುವುದು, ಖಾಲಿ ಕೈಯಿಂದ ಬಾಗಿಲು ಹಿಡಿಯುವುದು.

ವರದಿ ಬದಲಿಸಿ ಬರೆದೆ. ಅದಲುಬದಲು, ಕಳವಲ್ಲ, ಅವಳು ಕೆಲಸಕ್ಕೆ ಮರಳಲಿ, ಅಫಜಲಪುರದ ಸಾಲು ತಪ್ಪು, ಆ ತಪ್ಪು ನನ್ನದು, ಚೀಲದ ನಿಯಮವೂ ನನ್ನದು, ಅದನ್ನು ತಿದ್ದಬೇಕು. ಸಿಬ್ಬಂದಿ ಅಧಿಕಾರಿ ಓದಿ ತಲೆ ಕೆರೆದುಕೊಂಡರು. "ನಿಮ್ಮ ತಪ್ಪು ಯಾಕ ಬರೀತೀರಿ ಮೇಡಂ? ಆ ಸಾಲು ಕಿತ್ತು ಹಾಕಿದ್ರ ಸಾಕಲ್ಲ." ಕೀಳಲಿಲ್ಲ. ಇದನ್ನು ಇಲ್ಲಿ ಬರೆಯುವಾಗ ನನ್ನನ್ನು ನಾನೇ ಮೆಚ್ಚಿಕೊಳ್ಳುತ್ತಿದ್ದೇನೆಯೇ ಎಂಬ ಅನುಮಾನವೂ ಇದೆ. ಮಂಗಳವಾರ ಆಯಾ ನೀಲಿ ಸೀರೆ ಉಟ್ಟು ಕೆಲಸಕ್ಕೆ ಬಂದಳು. ಈಗ ರೋಗಿ ಹೇಳಿದವರ ಕೈಗೆ ಲಿಂಗ ಕೊಡುತ್ತಾರೆ, ಹಿಡಿದವರ ಹೆಸರನ್ನು ರಿಜಿಸ್ಟರಿನಲ್ಲಿ ಬರೆಯುತ್ತಾರೆ. ಒಬ್ಬರು ಒಂದನ್ನೇ ಹಿಡಿಯಬೇಕು.

ಒಂದು ಪ್ರಶ್ನೆ ಮಾತ್ರ ಉಳಿದಿದೆ. ಮುದುಕಿಯ ಬೆರಳು ಎರಡನೆಯ ಸುತ್ತು ಯಾಕೆ ಹೋಯಿತು? ಐವತ್ತು ವರ್ಷ ಹಿಡಿದದ್ದಕ್ಕೆ ಒಂದು ಸುತ್ತು ಸಾಲದೇ? ಎದುರಿಗೆ ಮುಷ್ಟಿ ಕಟ್ಟಿ ನಿಂತ ಹೆಂಗಸಿನ ನೌಕರಿಯ ಮಾತು ಅವಳ ಕಿವಿಗೆ ಬಿದ್ದಿತ್ತು. ತನ್ನ ಕೈಗೆ ಸವೆದ ಬದಿಯ ಲಿಂಗವೇ ಮರಳಿತೆಂದು ಅಂದೋಲಾದವಳು ಹೇಳಿದ್ದಾಳೆ. ಆದರೆ ಆಯಾಳನ್ನು ಕಾಪಾಡಲು ಅಷ್ಟು ದಿನ ಬಾಯಿ ಮುಚ್ಚಿಕೊಂಡಿದ್ದವಳೂ ಆಕೆಯೇ. ಮುದುಕಿಯ ಮನೆಗೆ ಮತ್ತೆ ಹೋಗಿ ಕೇಳಬಹುದು. ಹೋಗಿಲ್ಲ.

ಆ ಶನಿವಾರದ ಪುಟದಲ್ಲಿ ಮೊದಲು "ಗುರುತಿಸಿದಳು" ಎಂದು ಬರೆದಿದ್ದೆ. ಅದನ್ನು ಹೊಡೆದು ಹಾಕಿ ಪಕ್ಕದಲ್ಲಿ, "ಹೌದು ಎಂದಳು. ಉಂಡಳು" ಎಂದು ಬರೆದಿದ್ದೇನೆ.